ಹಸಿರು ಪಟ್ಟೆ ಅಂಗಿ ಕಳಚಿಟ್ಟ ಮೇಲೆ

ಕೊರಟಗೆರೆ, ಮಧುಗಿರಿ ಸೀಮೆಯಲ್ಲಿ ‘ಕುರುಕ್ಷೇತ್ರ’ ನಾಟಕ ಆಡದ ಊರು ಸಿಗುವುದು ಅಪರೂಪ. ಸುಗ್ಗಿ ಮುಗಿದು ಕೈಯಲ್ಲಿ ನಾಲ್ಕು ಕಾಸು ಓಡಾಡುವ ಹೊತ್ತಿಗೆ ಹಾರ್ಮೋನಿಯಂ ಮೇಷ್ಟ್ರು ಬಂದಿಳಿಯುತ್ತಾರೆ. ತಿಂಗಳುಗಟ್ಟಲೆ ತಾಲೀಮು ನಡೆಯುತ್ತದೆ. ಬಾಡಿಗೆಗೆ ತಂದ ಸೀನರಿ ಏರುತ್ತದೆ. ಇಷ್ಟೆಲ್ಲ ಆಗಿ ನಾಟಕ ಒಂದೇ ರಾತ್ರಿಯದು. ಆದರೆ ಅಂದು ದುರ್ಯೋಧನನ ಗದೆ ಹಿಡಿದವನು ಚೆನ್ನಾಗಿ ಅಬ್ಬರಿಸಿದನೋ, ಅವನ ಸ್ವಂತ ಹೆಸರು ಅಲ್ಲಿಗೆ ಮುಗಿಯಿತು! ಹೊಲದಲ್ಲಿ ನೇಗಿಲ ಹಿಂದೆ ನಡೆಯುವಾಗಲೂ ಅವನು ದುರ್ಯೋಧನ, ಸೊಸೈಟಿಯ ಮುಂದೆ ಗೊಬ್ಬರಕ್ಕೆ ನಿಂತಾಗಲೂ ದುರ್ಯೋಧನ.

ಒಂದು ರಾತ್ರಿಯ ಪಾತ್ರಕ್ಕೇ ಈ ಪಾಡು. ಹಾಗಾದರೆ ವರ್ಷಗಟ್ಟಲೆ, ದಿನವೂ, ಲಕ್ಷಾಂತರ ಮನೆಗಳ ಟಿ.ವಿ. ಪರದೆಯ ಮೇಲೆ ಬಂದು ಎರಡರಿಂದ ಐದು ವರ್ಷದ ಮಕ್ಕಳಿಗೆಲ್ಲ ಅಣ್ಣನಾದವನ ಕಥೆ ಏನಾಗಬೇಕು? ಇನ್ನೂ ಮೂವತ್ತು ತುಂಬದ ಆ ಅಣ್ಣ ಒಂದು ದಿನ, ‘ಸಾಕು, ನಾನಿನ್ನು ಗಿಟಾರ್ ಹಿಡಿದು ದೊಡ್ಡವರಿಗೆ ಹಾಡುತ್ತೇನೆ’ ಎಂದು ಹೊರಟರೆ ಕೇಳುವವರು ಯಾರು?

ಅಮೆರಿಕದ ಸ್ಟೀವ್ ಬರ್ನ್ಸ್ ಹೊರಟದ್ದು ಹೀಗೆಯೇ.

ಸ್ಟೀವ್ ಹುಟ್ಟಿದ್ದು 1973ರಲ್ಲಿ, ಪೆನ್ಸಿಲ್ವೇನಿಯಾ ರಾಜ್ಯದ ಬಾಯರ್‌ಟೌನ್ ಎಂಬ ಸಣ್ಣ ಪಟ್ಟಣದಲ್ಲಿ. ಹೈಸ್ಕೂಲಿನಲ್ಲಿರುವಾಗಲೇ ಗೆಳೆಯರ ಜೊತೆ ಸೇರಿ ರಾಕ್ ವಾದ್ಯಗೋಷ್ಠಿಗಳಲ್ಲಿ ನುಡಿಸುತ್ತಿದ್ದ. ಅಂದರೆ ಸಂಗೀತ ಅವನಿಗೆ ನಡುವೆ ಹತ್ತಿದ ಗೀಳಲ್ಲ, ಮೊದಲಿನದೇ. ಆಮೇಲೆ ರಂಗಭೂಮಿ ಕಲಿಯಲು ಕಾಲೇಜು ಸೇರಿದ. ಅದನ್ನು ಅರ್ಧಕ್ಕೇ ಬಿಟ್ಟು ನಟನಾಗಲು ನ್ಯೂಯಾರ್ಕಿಗೆ ಹೋದ. ಜಾಹೀರಾತುಗಳಿಗೆ ದನಿ ಕೊಡುವುದು, ಪೊಲೀಸ್ ಧಾರಾವಾಹಿಗಳಲ್ಲಿ ಬಂದು ಹೋಗುವ ಚಿಕ್ಕ ಪಾತ್ರಗಳು, ಇವೇ ಅವನ ಜೀವನೋಪಾಯ.

1995ರಲ್ಲಿ ನಿಕಲೋಡಿಯನ್ ವಾಹಿನಿಯ ಹೊಸ ಮಕ್ಕಳ ಕಾರ್ಯಕ್ರಮವೊಂದಕ್ಕೆ ಆಯ್ಕೆ ನಡೆಯುತ್ತಿತ್ತು. ಕಾರ್ಟೂನಿಗೆ ಬರೀ ದನಿ ಕೊಡುವ ಕೆಲಸ ಎಂದುಕೊಂಡು ಸ್ಟೀವ್ ಹೋದ. ಉದ್ದ ಕೂದಲು, ಕಿವಿಯಲ್ಲಿ ಒಂಟಿ. ವಾಹಿನಿಯ ಅಧಿಕಾರಿಗಳಿಗೆ ಈ ಅವತಾರ ಹಿಡಿಸಲಿಲ್ಲ. ಆದರೆ ಕಾರ್ಯಕ್ರಮದ ತಂಡದವರು ಸ್ಪರ್ಧಿಗಳ ಚಿತ್ರಸುರುಳಿಯನ್ನು ಮಕ್ಕಳಿಗೇ ತೋರಿಸಿದರು. ಸ್ಟೀವ್ ಪರದೆಯ ಮೇಲೆ ಬಂದಾಗ ಮಕ್ಕಳು ಕೂತಲ್ಲಿಂದ ಎದ್ದು ಉತ್ತರ ಕೊಡತೊಡಗಿದರು. ಅಲ್ಲಿಗೆ ತೀರ್ಪು ಆಯಿತು. ಮೂರು ವರ್ಷದ ಪರೀಕ್ಷಕರಿಗಿಂತ ನಿಷ್ಠುರ ಪರೀಕ್ಷಕರು ಬೇರೆ ಉಂಟೇ?

ಸುಮ್ಮನಿರುವ ವಿದ್ಯೆ

‘ಬ್ಲೂಸ್ ಕ್ಲೂಸ್’ ಎಂಬ ಆ ಕಾರ್ಯಕ್ರಮ 1996ರ ಸೆಪ್ಟೆಂಬರಿನಲ್ಲಿ ಶುರುವಾಯಿತು. ಬ್ಲೂ ಎಂಬುದು ನೀಲಿ ಬಣ್ಣದ ನಾಯಿಮರಿ. ಅದು ತನ್ನ ಮನಸ್ಸಿನಲ್ಲಿರುವುದನ್ನು ಬಾಯಿಬಿಟ್ಟು ಹೇಳುವುದಿಲ್ಲ. ಮೂರು ಕಡೆ ಪಂಜದ ಗುರುತು ಒತ್ತಿ ಹೋಗುತ್ತದೆ. ಹಸಿರು ಪಟ್ಟೆ ಅಂಗಿಯ ಸ್ಟೀವ್ ಆ ಮೂರು ಸುಳಿವನ್ನು ಪುಟ್ಟ ನೋಟ್‌ಬುಕ್ಕಿನಲ್ಲಿ ಚಿತ್ರ ಬರೆದುಕೊಂಡು, ದೊಡ್ಡ ಕೆಂಪು ಕುರ್ಚಿಯಲ್ಲಿ ಕೂತು, ಉತ್ತರ ಏನೆಂದು ಯೋಚಿಸಬೇಕು. ಕಥೆ ಇಷ್ಟೇ.

ಇಷ್ಟರಲ್ಲಿ ಏನು ಹೆಚ್ಚುಗಾರಿಕೆ ಎಂದು ಕೇಳಬಹುದು. ಹೆಚ್ಚುಗಾರಿಕೆ ಇದ್ದದ್ದು ಸ್ಟೀವ್ ಮಾತಾಡಿದ್ದರಲ್ಲಿ ಅಲ್ಲ, ಮಾತು ನಿಲ್ಲಿಸಿದ್ದರಲ್ಲಿ. ಪ್ರಶ್ನೆ ಕೇಳಿ ಆತ ಕ್ಯಾಮೆರಾವನ್ನೇ ನೆಟ್ಟ ದೃಷ್ಟಿಯಿಂದ ನೋಡುತ್ತ ಕೆಲವು ಸೆಕೆಂಡು ಸುಮ್ಮನಾಗುತ್ತಿದ್ದ. ಟಿ.ವಿ.ಯಲ್ಲಿ ಮೌನವೆಂದರೆ ಕೆಟ್ಟು ನಿಂತ ಬಸ್ಸಿದ್ದಂತೆ. ಯಾರೂ ಅದಕ್ಕೆ ಜಾಗ ಕೊಡುವುದಿಲ್ಲ. ಇಲ್ಲಿ ಮಾತ್ರ ಆ ಮೌನವೇ ಪಾಠ. ಮನೆಯಲ್ಲಿ ಕೂತ ಮಗು ಯೋಚಿಸಿ, ಕೂಗಿ ಉತ್ತರ ಹೇಳಲು ಬೇಕಾದಷ್ಟು ಹೊತ್ತು. ಆಮೇಲೆ ಸ್ಟೀವ್ ಅದನ್ನು ನಿಜವಾಗಿ ಕೇಳಿಸಿಕೊಂಡವನಂತೆ ಮುಖ ಅರಳಿಸುತ್ತಿದ್ದ. ತರಗತಿಯಲ್ಲಿ ಪ್ರಶ್ನೆ ಕೇಳಿದ ಮರುಕ್ಷಣವೇ ತಾವೇ ಉತ್ತರ ಹೇಳಿಬಿಡುವ ಮೇಷ್ಟ್ರುಗಳಿಗೆ ಇದರ ಕಷ್ಟ ಗೊತ್ತು.

ಕಾರ್ಯಕ್ರಮದ ಸೃಷ್ಟಿಕರ್ತರು ಮೂವರು: ಏಂಜೆಲಾ ಸಾಂಟೊಮೆರೊ, ಟಾಡ್ ಕೆಸ್ಲರ್, ಟ್ರೇಸಿ ಪೇಜ್ ಜಾನ್ಸನ್. ಇವರಲ್ಲಿ ಏಂಜೆಲಾ ಮಕ್ಕಳ ಮನಶ್ಶಾಸ್ತ್ರ ಓದಿಕೊಂಡವರು. ಪ್ರತಿ ಕಂತನ್ನೂ ತಯಾರಿಕೆಯ ಬೇರೆ ಬೇರೆ ಹಂತಗಳಲ್ಲಿ ಮೂರು ಸಲ ಮಕ್ಕಳ ಮುಂದಿಟ್ಟು ಪರೀಕ್ಷಿಸುತ್ತಿದ್ದರು. ಇನ್ನೊಂದು ವಿಚಿತ್ರವೆಂದರೆ ಸೋಮವಾರ ತೋರಿಸಿದ ಕಂತನ್ನೇ ಶುಕ್ರವಾರದವರೆಗೆ ಐದು ದಿನವೂ ತೋರಿಸುವುದು. ದೊಡ್ಡವರು ಬೇಸತ್ತು ಎದ್ದು ಹೋಗುತ್ತಾರೆ. ಮಕ್ಕಳು? ಆಲಿಷಾ ಕ್ರಾಲಿ, ಡೇನಿಯಲ್ ಆಂಡರ್ಸನ್ ಮೊದಲಾದ ಸಂಶೋಧಕರು 1999ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ನೋಡಿದ್ದನ್ನೇ ಮತ್ತೆ ಮತ್ತೆ ನೋಡಿದಾಗ ಮಕ್ಕಳ ತಿಳಿವಳಿಕೆಯೂ ಕೂಗಿ ಉತ್ತರ ಕೊಡುವ ಉತ್ಸಾಹವೂ ಹೆಚ್ಚಿದ್ದು ಕಂಡುಬಂತು. ಕಾಗಕ್ಕ ಗುಬ್ಬಕ್ಕನ ಕಥೆಯನ್ನು ರಾತ್ರಿ ರಾತ್ರಿ ಹೇಳಿ ಸೋತ ನಮ್ಮ ಅಜ್ಜಿಯರಿಗೆ ಇದು ಹೊಸ ಸುದ್ದಿಯೇನಲ್ಲ.

ಈ ಲೋಕದಲ್ಲಿ ಮನುಷ್ಯನೆಂದು ಕಾಣುತ್ತಿದ್ದವನು ಹೆಚ್ಚುಕಡಿಮೆ ಸ್ಟೀವ್ ಒಬ್ಬನೇ. ನಾಯಿ, ಉಪ್ಪಿನ ಡಬ್ಬಿ, ಮೆಣಸಿನ ಡಬ್ಬಿ, ಅಂಚೆಪೆಟ್ಟಿಗೆ ಎಲ್ಲವೂ ಕಂಪ್ಯೂಟರಿನಲ್ಲಿ ಆಮೇಲೆ ಸೇರಿಸಿದ ಚಿತ್ರಗಳು. ಹವಾಮಾನ ವರದಿ ಓದುವವರ ಹಿಂದೆ ಭೂಪಟ ಕಾಣುತ್ತದಲ್ಲ, ಅದೇ ತಂತ್ರ. ನಟ ಒಂದೇ ಬಣ್ಣದ ಪರದೆಯ ಮುಂದೆ ನಿಲ್ಲುತ್ತಾನೆ. ಆ ಬಣ್ಣವಿದ್ದ ಕಡೆಯಲ್ಲೆಲ್ಲ ಬೇರೆ ಚಿತ್ರ ತುಂಬುವಂತೆ ಯಂತ್ರಕ್ಕೆ ಹೇಳುತ್ತಾರೆ. ಹಾಗಾಗಿ ಸ್ಟೀವ್ ದಿನವಿಡೀ ಖಾಲಿ ಕೋಣೆಯಲ್ಲಿ, ಇಲ್ಲದ ನಾಯಿಯ ತಲೆ ಸವರುತ್ತ, ಕಾಣದ ಮಕ್ಕಳ ಉತ್ತರ ಕೇಳಿಸಿಕೊಳ್ಳುತ್ತ ಇರಬೇಕಾಗಿತ್ತು. ಹೀಗೆ ನೂರಕ್ಕೂ ಹೆಚ್ಚು ಕಂತುಗಳು ಆದವು.

ನಗುಮುಖದ ಹಿಂದೆ

ಕಾರ್ಯಕ್ರಮ ಉತ್ತುಂಗದಲ್ಲಿದ್ದಾಗಲೇ ಅಮೆರಿಕದಲ್ಲಿ ಒಂದು ಗಾಳಿಸುದ್ದಿ ಹಬ್ಬಿತು: ಸ್ಟೀವ್ ಸತ್ತುಹೋದ! ಮಾದಕ ವಸ್ತು ಸೇವಿಸಿ ಎಂದು ಕೆಲವರು, ಕಾರು ಅಪಘಾತ ಎಂದು ಕೆಲವರು. ಟಿ.ವಿ. ಸಂದರ್ಶನದಲ್ಲಿ ಕಾಣಿಸಿಕೊಂಡು ‘ಬದುಕಿದ್ದೇನೆ’ ಎಂದು ತೋರಿಸಿಕೊಟ್ಟರೂ ಸುದ್ದಿ ಸಾಯಲಿಲ್ಲ. ಜೀವಂತ ಮನುಷ್ಯನಿಗೆ ‘ನೀನು ಸತ್ತಿದ್ದೀಯೆ’ ಎಂದು ಜಗತ್ತು ವರ್ಷಗಟ್ಟಲೆ ಹೇಳುತ್ತಿದ್ದರೆ ಹೇಗಾಗಬೇಡ?

ಬಹಳ ವರ್ಷಗಳ ನಂತರ, 2022ರಲ್ಲಿ, ಸ್ಟೀವ್ ಇನ್ನೊಂದು ಸಂಗತಿ ಬಿಚ್ಚಿಟ್ಟ. ಮಕ್ಕಳನ್ನು ನಗಿಸುತ್ತಿದ್ದ ಆ ವರ್ಷಗಳಲ್ಲೇ ತನಗೆ ತೀವ್ರ ಖಿನ್ನತೆಯ ಕಾಯಿಲೆ ಇತ್ತು. ಅದು ಕಾಯಿಲೆ ಎಂದು ಆಗ ತನಗೂ ಗೊತ್ತಿರಲಿಲ್ಲ, ಚಿಕಿತ್ಸೆಯೂ ಆಗಿರಲಿಲ್ಲ. ತಂದೆ ತಾಯಂದಿರು ಈ ಸಾಲಿನಲ್ಲಿ ಒಂದು ಗಳಿಗೆ ನಿಲ್ಲುವುದು ಒಳ್ಳೆಯದು. ತರಗತಿಯಲ್ಲಿ ಎಲ್ಲರನ್ನೂ ನಗಿಸುವ ಹುಡುಗ ಚೆನ್ನಾಗಿಯೇ ಇದ್ದಾನೆಂದು ಲೆಕ್ಕ ಹಾಕುವುದು ನಮಗೆಲ್ಲ ಸುಲಭ. ನಗು ಥರ್ಮಾಮೀಟರ್ ಅಲ್ಲ. (ಸರ್ಕಾರದ ಟೆಲಿ ಮಾನಸ್ ಸಹಾಯವಾಣಿ 14416 ಇರುವುದು ಇಂಥ ಹೊತ್ತಿಗೇ, ಕನ್ನಡದಲ್ಲೂ ಮಾತಾಡಬಹುದು.)

2001ರ ಆರಂಭದಲ್ಲಿ ಸ್ಟೀವ್ ತನ್ನ ಕೊನೆಯ ಕಂತುಗಳ ಚಿತ್ರೀಕರಣ ಮುಗಿಸಿದ. ಅವು ಪ್ರಸಾರವಾದದ್ದು 2002ರ ಏಪ್ರಿಲ್‌ನಲ್ಲಿ. ಕಥೆಯಲ್ಲಿ ಸ್ಟೀವ್ ಕಾಲೇಜು ಓದಲು ಹೊರಡುತ್ತಾನೆ, ಅವನ ತಮ್ಮ ಜೋ ಬಂದು ಮನೆ ನೋಡಿಕೊಳ್ಳುತ್ತಾನೆ. ಕಾಲೇಜು ಅರ್ಧಕ್ಕೆ ಬಿಟ್ಟವನನ್ನು ಕಥೆಯಲ್ಲಾದರೂ ಕಾಲೇಜಿಗೆ ಸೇರಿಸಿದರಲ್ಲ ಎಂದು ಅವನ ಮೇಷ್ಟ್ರುಗಳು ಸಮಾಧಾನಪಟ್ಟಿರಬೇಕು! ಏಕೆ ಬಿಟ್ಟೆ ಎಂದು ಕೇಳಿದವರಿಗೆ ಸ್ಟೀವ್ ಕೊಡುತ್ತಿದ್ದ ಕಾರಣ ತಮಾಷೆಯದು: ತಲೆಗೂದಲು ಉದುರುತ್ತಿದೆ, ಮಕ್ಕಳ ಕಾರ್ಯಕ್ರಮದಲ್ಲಿ ಎಲ್ಲರೆದುರು ಬೋಳಾಗಲು ಇಷ್ಟವಿಲ್ಲ. ಪುರುಷ ಹಾರ್ಮೋನಿನ ಒಂದು ರೂಪ ಕೂದಲಿನ ಬುಡವನ್ನು ಕ್ರಮೇಣ ಕುಗ್ಗಿಸುವುದರಿಂದ ಆಗುವ, ವಂಶದಲ್ಲಿ ಹರಿದು ಬರುವ ಬೋಳು ಇದು. ಆತ ತಲೆ ಪೂರಾ ಬೋಳಿಸಿಕೊಂಡ. ತಮಾಷೆಯ ಒಳಗೆ ನಿಜವೂ ಇತ್ತು. ಮಕ್ಕಳ ಅಣ್ಣನಿಗೆ ವಯಸ್ಸಾಗುವ ಅನುಮತಿ ಇರುವುದಿಲ್ಲ.

ಅದೇ 2002ರ ಏಪ್ರಿಲ್‌ನಲ್ಲಿ ಕರ್ನಾಟಕದ ಚಿತ್ರಮಂದಿರಗಳಲ್ಲಿ ‘ಅಪ್ಪು’ ಬಿಡುಗಡೆಯಾಯಿತು ಎಂಬುದು ನೆನಪಿಡತಕ್ಕ ಕಾಕತಾಳೀಯ. ಪುನೀತ್ ರಾಜ್‌ಕುಮಾರ್ ನಾಯಕನಾದ ಮೊದಲ ಚಿತ್ರ ಅದು. ಅದಕ್ಕೆ ಮುಂಚೆ ಜನ ಬಲ್ಲದ್ದು ಮಾಸ್ಟರ್ ಲೋಹಿತ್‌ನನ್ನು, ‘ಬೆಟ್ಟದ ಹೂವು’ ಚಿತ್ರಕ್ಕೆ ಶ್ರೇಷ್ಠ ಬಾಲನಟ ರಾಷ್ಟ್ರಪ್ರಶಸ್ತಿ ಪಡೆದ ಹುಡುಗನನ್ನು. ಆದರೆ ಇಬ್ಬರ ನಡುವೆ ಒಂದು ವ್ಯತ್ಯಾಸವಿದೆ. ಪುನೀತ್ ಬಾಲಕನಾಗಿ ತೆರೆಯಿಂದ ಸರಿದು ನಾಯಕನಾಗಿ ಮರಳುವ ನಡುವೆ ಹತ್ತು ವರ್ಷಕ್ಕೂ ಹೆಚ್ಚು ಬಿಡುವಿತ್ತು; ಎತ್ತರ, ದನಿ, ಮುಖ ಎಲ್ಲವನ್ನೂ ಕಾಲವೇ ಬದಲಿಸಿಕೊಟ್ಟಿತ್ತು. ಸ್ಟೀವ್‌ಗೆ ಆ ಅನುಕೂಲವಿರಲಿಲ್ಲ. ಅದೇ ಮುಖ, ಅದೇ ದನಿ. ಹೋದದ್ದು ಕೂದಲು ಮಾತ್ರ. ಇನ್ನು ಮಾಸ್ಟರ್ ಹಿರಣ್ಣಯ್ಯನವರ ದಾರಿಯೇ ಬೇರೆ. ಹುಡುಗರಿಗೆ ಹಚ್ಚುವ ‘ಮಾಸ್ಟರ್’ ಎಂಬ ಬಿರುದನ್ನು ಅವರು ಕಳಚುವ ಗೋಜಿಗೇ ಹೋಗದೆ, 2019ರಲ್ಲಿ 85ನೇ ವಯಸ್ಸಿನಲ್ಲಿ ತೀರಿಕೊಳ್ಳುವವರೆಗೂ ಹೆಮ್ಮೆಯಿಂದ ಹೊತ್ತರು.

ಧೂಳಿನ ಹುಳಗಳಿಗೆ ಹಾಡು

ಸ್ಟೀವ್‌ನ ತಲೆ ತಿರುಗಿಸಿದ್ದು 1999ರಲ್ಲಿ ಬಂದ ‘ದಿ ಸಾಫ್ಟ್ ಬುಲೆಟಿನ್’ ಎಂಬ ಧ್ವನಿಸುರುಳಿ. ಒಕ್ಲಹೋಮಾ ರಾಜ್ಯದ ‘ದಿ ಫ್ಲೇಮಿಂಗ್ ಲಿಪ್ಸ್’ ಎಂಬ ತಂಡದ್ದು. ಅದನ್ನು ಕೇಳಿ ಕೇಳಿ, ತನ್ನ ಮನೆಯಲ್ಲೇ ಹಾಡು ಕಟ್ಟಿ ಮುದ್ರಿಸತೊಡಗಿದ. ಕೊನೆಗೆ ಆ ತಂಡದ ಧ್ವನಿಮುದ್ರಣ ಮಾಡುತ್ತಿದ್ದ ಡೇವ್ ಫ್ರಿಡ್ಮನ್ ಅವರನ್ನೂ, ತಂಡದ ಬಹುವಾದ್ಯ ಪ್ರವೀಣ ಸ್ಟೀವನ್ ಡ್ರೋಜ್ಡ್ ಅವರನ್ನೂ ತಲುಪಿದ. ಮಕ್ಕಳ ಕಾರ್ಯಕ್ರಮದವನೆಂದು ಅವರು ಬಾಗಿಲು ಹಾಕಿಕೊಳ್ಳಲಿಲ್ಲ, ಜೊತೆಗೆ ನುಡಿಸಿದರು. 2003ರಲ್ಲಿ ‘ಸಾಂಗ್ಸ್ ಫಾರ್ ಡಸ್ಟ್‌ಮೈಟ್ಸ್’ ಹೊರಬಂತು. ಅಂದರೆ ಧೂಳಿನ ಹುಳಗಳಿಗಾಗಿ ಹಾಡುಗಳು.

ಇಂಥ ಸಂಗೀತಕ್ಕೆ ‘ಇಂಡಿ ರಾಕ್’ ಎಂದು ಹೆಸರು. ಇಂಡಿಯಾಕ್ಕೂ ಇದಕ್ಕೂ ಸಂಬಂಧವಿಲ್ಲ. ಇಂಡಿಪೆಂಡೆಂಟ್, ಸ್ವತಂತ್ರ ಎಂಬುದರ ಮೊಟಕು. ಅಮೆರಿಕದಲ್ಲಿ ಸ್ವತಂತ್ರವೆಂದರೆ ದೊಡ್ಡ ಧ್ವನಿಸುರುಳಿ ಕಂಪೆನಿಗಳ ಹಂಗಿಲ್ಲದ್ದು. ನಮ್ಮಲ್ಲಿ ಸಿನಿಮಾದ ಹಂಗಿಲ್ಲದ್ದು ಎಂದರೆ ಸರಿಯಾದೀತು. ಬೆಂಗಳೂರಿನ ‘ಥರ್ಮಲ್ ಆ್ಯಂಡ್ ಎ ಕ್ವಾರ್ಟರ್’, ‘ಸ್ವರಾತ್ಮ’ ತಂಡಗಳು ಈ ಜಾತಿಯವು. ಶಿಶುನಾಳ ಷರೀಫರ ಪದಗಳನ್ನು ಗಿಟಾರಿಗೆ ಕೂರಿಸಿದ ಮೈಸೂರಿನ ರಘು ದೀಕ್ಷಿತ್ ಕೂಡ ಹೀಗೇ ಹೊರಟವರು. ಸೂಕ್ಷ್ಮಜೀವಿಶಾಸ್ತ್ರದ ಎಂ.ಎಸ್ಸಿ.ಯಲ್ಲಿ ಚಿನ್ನದ ಪದಕ, ಭರತನಾಟ್ಯದಲ್ಲಿ ವಿದ್ವತ್ ಪಡೆದು, ವಿದೇಶದಲ್ಲಿ ವಿಜ್ಞಾನದ ಕೆಲಸವನ್ನೂ ಮಾಡಿದ ಮೇಲೆ ಸಂಗೀತವನ್ನೇ ವೃತ್ತಿಯಾಗಿ ಹಿಡಿದರು. ಅವರ ಮೊದಲ ಧ್ವನಿಸುರುಳಿ ಬಂದದ್ದು 2008ರಲ್ಲಿ. ಪದಕ ಮೊದಲು, ಗಿಟಾರ್ ಆಮೇಲೆ ಎಂಬ ಕ್ರಮ ಅಪ್ಪ ಅಮ್ಮಂದಿರಿಗೆ ಹೆಚ್ಚು ಹಿಡಿಸಬಹುದು. ಸ್ಟೀವ್‌ನದು ಅಂಥ ಕ್ರಮವಲ್ಲ.

ಇನ್ನು ಆ ಧೂಳಿನ ಹುಳ. ಸುರುಳಿಯ ಹೆಸರು ಕೇಳಿ ನಕ್ಕವರು ರಾತ್ರಿ ಅದೇ ಹುಳಗಳ ಮೇಲೆ ಮಲಗುತ್ತಾರೆ. ಇದು ಕೀಟವಲ್ಲ, ಎಂಟು ಕಾಲಿನ, ಜೇಡ ಮತ್ತು ಉಣ್ಣೆಯ ಬಳಗದ ಜೀವಿ. ಉದ್ದ ಮಿಲಿಮೀಟರಿನ ಮೂರನೇ ಒಂದು ಭಾಗವೂ ಇಲ್ಲ. ಹಾಸಿಗೆ, ದಿಂಬು, ಕಂಬಳಿಗಳಲ್ಲಿ ವಾಸ. ನಮ್ಮ ಮೈಯಿಂದ ದಿನವೂ ಉದುರುವ ಸತ್ತ ಚರ್ಮದ ಹೊಟ್ಟೇ ಆಹಾರ. ಅದಕ್ಕೇ ವಿಜ್ಞಾನಿಗಳು ಇಟ್ಟ ಹೆಸರು ಡರ್ಮಟೊಫಾಗಾಯ್ಡಿಸ್, ಚರ್ಮ ತಿನ್ನುವುದು ಎಂದರ್ಥ. ಇದು ಕಚ್ಚುವುದಿಲ್ಲ. ನೀರು ಕುಡಿಯುವುದೂ ಇಲ್ಲ, ಗಾಳಿಯ ತೇವವನ್ನೇ ಮೈಗೆ ಹೀರಿಕೊಳ್ಳುತ್ತದೆ. ಆದರೆ ಇದರ ಹಿಕ್ಕೆಯಲ್ಲಿರುವ ಪ್ರೋಟೀನು ಕೆಲವರಿಗೆ ಸೀನು, ಉಬ್ಬಸ ತರುತ್ತದೆ. ಹಾಸಿಗೆಯನ್ನು ಬಿಸಿಲಿಗೆ ಹಾಕಿ ಬಡಿಯುವ ನಮ್ಮ ಹಳೆಯ ಪದ್ಧತಿ ಈ ಹುಳದ ಪಾಲಿಗೆ ಪ್ರಳಯ.

ಸ್ಟೀವ್‌ನ ಹಾಡುಗಳಲ್ಲಿ ಇಂಥದೇ ಹುಚ್ಚು ಹಲವು. ಒಂದರ ಹೆಸರು ‘ಟ್ರೋಪೋಸ್ಫಿಯರ್’, ನಾವು ಉಸಿರಾಡುವ, ಮೋಡಗಳು ಓಡಾಡುವ ವಾತಾವರಣದ ತಳಪದರ. ಇನ್ನೊಂದು ‘ಸೂಪರ್ ಸ್ಟ್ರಿಂಗ್ಸ್’, ದ್ರವ್ಯದ ಮೂಲ ಕಣಗಳೆಲ್ಲ ಕಂಪಿಸುವ ಅತಿಸೂಕ್ಷ್ಮ ತಂತಿಗಳು ಎನ್ನುವ ಭೌತಶಾಸ್ತ್ರದ ವಾದ. ಪ್ರೇಮ, ಒಂಟಿತನಗಳ ನಡುವೆ ವಿಜ್ಞಾನದ ಪುಸ್ತಕದಿಂದ ಎದ್ದು ಬಂದಂಥ ಈ ಮಾತುಗಳು ಕೇಳಲು ಮುದ್ದಾಗಿವೆ. ಮಕ್ಕಳ ಹಾಡಿನ ಧಾಟಿ ಎಲ್ಲೂ ಇಲ್ಲ. ಗಿಟಾರಿನ ಗದ್ದಲ, ಡ್ರಮ್ಮಿನ ಗುಡುಗು, ಯಂತ್ರಗಳ ವಿಚಿತ್ರ ಸದ್ದು.

ವಿಮರ್ಶಕರು ನಗಲು ಸಿದ್ಧರಾಗಿಯೇ ಕೂತಿದ್ದರು. ಕೇಳಿದ ಮೇಲೆ ಹಲವರು ಪರವಾಗಿಲ್ಲ, ಚೆನ್ನಾಗಿಯೇ ಇದೆ ಎಂದು ಬರೆದರು. ಆದರೆ ಬರೆದ ಪ್ರತಿ ಸಾಲಿನಲ್ಲೂ ನೀಲಿ ನಾಯಿಮರಿ ಇಣುಕುತ್ತಿತ್ತು. ಹಳೆಯ ಹೆಸರಿನ ಬಲದಿಂದಲೇ ಪತ್ರಿಕೆಗಳ ಗಮನ ಸಿಕ್ಕಿತು, ಅದೇ ಹೆಸರಿನ ಭಾರದಿಂದ ಹಾಡನ್ನು ಹಾಡಾಗಿ ಕೇಳುವವರು ಕಡಿಮೆಯಾದರು. ಅಂಗಡಿಯಲ್ಲಿ ಸುರುಳಿ ಮುಗಿಬಿದ್ದು ಮಾರಾಟವಾಗಲಿಲ್ಲ. ಎರಡನೆಯ ಸುರುಳಿ ‘ಡೀಪ್ ಸೀ ರಿಕವರಿ ಎಫರ್ಟ್ಸ್’ ಬರಲು 2009ರವರೆಗೆ ಕಾಯಬೇಕಾಯಿತು. ಅದೂ ಸದ್ದಿಲ್ಲದೆ ಬಂದು ಹೋಯಿತು. ಇದನ್ನು ಸೋಲು ಎನ್ನಬೇಕೆ? ಊರಿನಲ್ಲಿ ಗದೆ ಬಿಟ್ಟು ಕೊಳಲು ಹಿಡಿದ ದುರ್ಯೋಧನನಿಗೂ ಮೊದಲ ವರ್ಷ ಶಿಳ್ಳೆ ಬೀಳುವುದಿಲ್ಲ. ಆದರೂ ಕೊಳಲು ನುಡಿಸಿದ್ದು ನಿಜ.

ಇದೇ ದಾರಿಯಲ್ಲಿ ತಿರುಗಿ ನಡೆದವರೂ ಇದ್ದಾರೆ. ಆಸ್ಟ್ರೇಲಿಯಾದ ‘ದಿ ಕಾಕ್ರೋಚಸ್’ ಎಂಬ ರಾಕ್ ತಂಡದ ಆಂಥೊನಿ ಫೀಲ್ಡ್ ಮತ್ತು ಜೆಫ್ ಫ್ಯಾಟ್ 1991ರಲ್ಲಿ ಗೆಳೆಯರ ಜೊತೆ ಸೇರಿ ಮಕ್ಕಳಿಗಾಗಿ ‘ದಿ ವಿಗಲ್ಸ್’ ಕಟ್ಟಿ ಲೋಕಪ್ರಸಿದ್ಧರಾದರು. ಜಿರಲೆಗಳು ಹೋಗಿ ಮಕ್ಕಳ ಗೆಳೆಯರಾದದ್ದಕ್ಕೆ ಯಾರೂ ಅನುಮಾನಪಡಲಿಲ್ಲ. ಮಕ್ಕಳ ಕಡೆಗೆ ಹೋಗುವ ಬಾಗಿಲು ಸದಾ ತೆರೆದಿರುತ್ತದೆ, ಅಲ್ಲಿಂದ ಹೊರಬರುವ ಬಾಗಿಲಿಗೇ ಚಿಲಕ.

ಹದಿನಾಲ್ಕು ವರ್ಷದ ನಂತರ

ಹಾಡಿಗೂ ಅದರದ್ದೇ ಆಯುಸ್ಸಿದೆ. 2017ರಲ್ಲಿ ಅಮೆರಿಕದ ಟಿ.ವಿ.ಯಲ್ಲಿ ‘ಯಂಗ್ ಶೆಲ್ಡನ್’ ಎಂಬ ಹಾಸ್ಯ ಧಾರಾವಾಹಿ ಶುರುವಾಯಿತು. ಭೌತಶಾಸ್ತ್ರದ ಹುಚ್ಚು ಹಿಡಿದ ಒಂಬತ್ತು ವರ್ಷದ ಹುಡುಗ, ಅವನನ್ನು ಅರ್ಥ ಮಾಡಿಕೊಳ್ಳಲು ಹೆಣಗುವ ಮನೆಯವರು, ಇದು ಅದರ ವಸ್ತು. ಶೀರ್ಷಿಕೆ ಗೀತೆಯಾಗಿ ಅವರು ಆರಿಸಿಕೊಂಡದ್ದು ‘ಮೈಟಿ ಲಿಟಲ್ ಮ್ಯಾನ್’, ಧೂಳಿನ ಹುಳಗಳ ಸುರುಳಿಯ ಮೊದಲ ಹಾಡು! 2024ರವರೆಗೆ, ಏಳು ಹಂಗಾಮು ಆ ಹಾಡು ಮೊಳಗಿತು. ಹಾಡಿದವನು ಹಿಂದೆ ಹಸಿರು ಪಟ್ಟೆ ಅಂಗಿ ತೊಟ್ಟಿದ್ದವನೆಂದು ಕೇಳಿದವರಲ್ಲಿ ಎಷ್ಟೋ ಜನಕ್ಕೆ ತಿಳಿಯದು. ಹದಿನಾಲ್ಕು ವರ್ಷ ತಡವಾದರೂ ಹಾಡನ್ನು ಹಾಡಾಗಿಯೇ ಕೇಳುವವರು ಸಿಕ್ಕರು.

ಅದೇ 2017ರಲ್ಲಿ ಸ್ಟೀವ್ ಮತ್ತು ಡ್ರೋಜ್ಡ್ ಸೇರಿ ಇನ್ನೊಂದು ಸುರುಳಿ ತಂದರು. ಈ ಸಲ ಮಕ್ಕಳಿಗೆ. ಓಡಿಹೋದ ಮನೆಗೆ ತಾನಾಗಿಯೇ ಮರಳಿದ ಹಾಗೆ. 2019ರಲ್ಲಿ ‘ಬ್ಲೂಸ್ ಕ್ಲೂಸ್’ ಹೊಸ ರೂಪದಲ್ಲಿ ಶುರುವಾದಾಗ ಹೊಸ ನಿರೂಪಕ ಜಾಶ್ ಡೆಲಾ ಕ್ರೂಜ್ ಅವರ ಆಯ್ಕೆಗೆ ಸ್ಟೀವ್ ನೆರವಾದ. ಬರವಣಿಗೆ, ನಿರ್ದೇಶನಕ್ಕೂ ಕೈ ಹಾಕಿದ. ಕ್ಯಾಮೆರಾದ ಮುಂದೆ ನಿಲ್ಲುವುದಕ್ಕಿಂತ ಹಿಂದೆ ನಿಲ್ಲುವುದು ಸುಲಭವಾಗಿದ್ದಿರಬಹುದು.

ಆದರೆ ನಿಜವಾದ ಲೆಕ್ಕ ಚುಕ್ತಾ ಆದದ್ದು 2021ರ ಸೆಪ್ಟೆಂಬರಿನಲ್ಲಿ. ಕಾರ್ಯಕ್ರಮಕ್ಕೆ 25 ವರ್ಷ ತುಂಬಿದ ನೆಪದಲ್ಲಿ ವಾಹಿನಿಯವರು ಸ್ಟೀವ್‌ನ ಸುಮಾರು ಎರಡು ನಿಮಿಷದ ವಿಡಿಯೊ ಹಾಕಿದರು. ಟೋಪಿ ತೊಟ್ಟ ನಡುವಯಸ್ಕ. ಪಟ್ಟೆ ಅಂಗಿ ಅಂದೂ ಮೈಮೇಲಿತ್ತು. ಅಂದು ದಿಢೀರನೆ ಬಿಟ್ಟುಹೋದದ್ದು ನಿಮಗೆ ಏನನ್ನಿಸಿತೋ ಎಂದು ಆತ ಮಾತಿಗೆ ತೊಡಗಿದ. ತನಗೆ ಬೇಕಾದದ್ದು ಮಾಡಲು ಸಾಧ್ಯವಾಯಿತು, ಆದರೆ ಸುಲಭವಾಗಿರಲಿಲ್ಲ ಎಂದ. ನೀವೀಗ ದೊಡ್ಡವರು, ಕೆಲಸ, ಸಂಸಾರ, ಸಾಲ ಎಲ್ಲ ಹೊತ್ತಿದ್ದೀರಿ ಎಂದ. ನಿಮ್ಮನ್ನು ಮರೆತಿರಲಿಲ್ಲ ಎಂದ. ಕೋವಿಡ್‌ನ ಎರಡನೆಯ ವರ್ಷ ಅದು. ಇಪ್ಪತ್ತೈದು, ಮೂವತ್ತು ದಾಟಿದ ಲಕ್ಷಾಂತರ ಮಂದಿ ಅದನ್ನು ನೋಡಿ ಕಣ್ಣೀರಿಟ್ಟೆವೆಂದು ಬರೆದರು. ಮೂರು ವರ್ಷದ ಮಗುವಿಗೆ ಅಣ್ಣ ಕಾಲೇಜಿಗೆ ಹೋದನೆಂದು ಹೇಳಿದರೆ ಅದು ನಂಬುತ್ತದೆ; ತಿರುಗಿ ಬರಲಿಲ್ಲವಲ್ಲ ಎಂಬುದನ್ನೂ ಎಲ್ಲೋ ಒಳಗೆ ಇಟ್ಟುಕೊಂಡಿರುತ್ತದೆ.

ಸ್ಟೀವ್ ಗಿಟಾರ್ ಹಿಡಿದು ಹುಡುಕಿದ್ದು ದೊಡ್ಡವರ ಸಭೆಯನ್ನು. ಆ ಸಭೆ ಅವನು ಹುಡುಕಿದ ಕಡೆ ಇರಲಿಲ್ಲ. ಅದು ಆಗ ಚೀಲ ಹೊತ್ತು ಶಾಲೆಗೆ ಹೋಗುತ್ತಿತ್ತು, ಬೆಳೆಯಲು ಇನ್ನೂ ಇಪ್ಪತ್ತು ವರ್ಷ ಬೇಕಿತ್ತು.

ಈಗ ಆತ ‘ಅಲೈವ್ ವಿತ್ ಸ್ಟೀವ್ ಬರ್ನ್ಸ್’ ಎಂಬ ಮಾತುಕತೆಯ ಕಾರ್ಯಕ್ರಮವನ್ನು 2025ರಲ್ಲಿ ಆರಂಭಿಸಿದ್ದಾನೆ. ಕಾರ್ಯಕ್ರಮ ದೊಡ್ಡವರಿಗೆ. ‘ಅಲೈವ್’ ಎಂದರೆ ಜೀವಂತ. ಆ ಹಳೆಯ ಗಾಳಿಸುದ್ದಿಗೆ ಇದಕ್ಕಿಂತ ಒಳ್ಳೆಯ ಉತ್ತರ ಸಿಗಲಾರದು. ಅದಕ್ಕೂ ಮುಂಚೆ, 2024ರಲ್ಲಿ, ಭಾರತದಲ್ಲಿ 2020ರಿಂದಲೇ ನಿಷೇಧವಾಗಿರುವ ಟಿಕ್‌ಟಾಕ್‌ನಲ್ಲಿ ಒಂದು ಪುಟ್ಟ ವಿಡಿಯೊ ಹಾಕಿದ್ದ. ಅದರಲ್ಲಿ ಹಾಡಿಲ್ಲ, ನಾಯಿಮರಿಯಿಲ್ಲ. ಐವತ್ತರ ಸ್ಟೀವ್ ಕ್ಯಾಮೆರಾದ ಕಡೆ ಬಾಗಿ, ಹೇಗಿದ್ದೀರಿ, ಏನು ಸಮಾಚಾರ ಎಂದು ಕೇಳುತ್ತಾನೆ. ಆಮೇಲೆ ಸುಮ್ಮನಾಗುತ್ತಾನೆ. ಈ ಸಲ ಕೆಲವು ಸೆಕೆಂಡಲ್ಲ, ಹತ್ತಿರ ಹತ್ತಿರ ಒಂದು ನಿಮಿಷ. ನಡುನಡುವೆ ಹುಬ್ಬೇರಿಸುತ್ತಾನೆ, ತಲೆದೂಗುತ್ತಾನೆ, ಕೇಳಿಸಿಕೊಳ್ಳುತ್ತಾನೆ. ವಿಡಿಯೊದ ಕೆಳಗೆ ಸಾವಿರಾರು ಜನ ತಮ್ಮ ಕಷ್ಟಸುಖ ಬರೆದರು.